‘ಘಟಶ್ರಾದ್ಧ’ದ ಯಮುನೆ

ವಿದೇಶದ ಸ್ವತಂತ್ರ ಚಲಚ್ಚಿತ್ರಗಳಲ್ಲಿ ಹೊರಗಿನವರ ಬಾಳೂ ಕಷ್ಟಕ್ಕೆ ಸಿಕ್ಕಿದ ಪ್ರೇಮವೂ ಮತ್ತೆ ಮತ್ತೆ ವಸ್ತುವಾಗುವುದನ್ನು ಕಂಡು, ‘ಇದು ಅವರ ಸಮಾಜದ ಬೇನೆ, ನಮಗೇಕೆ?’ ಎನ್ನುವ ರಸಿಕರು ನಮ್ಮಲ್ಲಿ ಇಲ್ಲದಿಲ್ಲ. ಅಂಥವರು ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ವನ್ನು ಇನ್ನೊಮ್ಮೆ ನೋಡುವುದೊಳ್ಳೆಯದು. 1977ರ ಸ್ವರ್ಣಕಮಲವನ್ನು ಪಡೆದ ಈ ಚಿತ್ರಕ್ಕೆ ಯು. ಆರ್. ಅನಂತಮೂರ್ತಿಯವರ ಕಥೆಯೇ ಆಧಾರ.

ಹೋಲಿಕೆಗೆ ಜರ್ಮನಿಯ ಫಾಸ್‌ಬಿಂಡರನು 1974ರಲ್ಲಿ ರಚಿಸಿದ, ‘ಭಯವು ಜೀವವನ್ನು ತಿನ್ನುತ್ತದೆ’ ಎಂಬರ್ಥದ ಹೆಸರಿನ ಚಿತ್ರವನ್ನು ತೆಗೆದುಕೊಳ್ಳೋಣ. ಗುಡಿಸಿ ತೊಳೆಯುವ ಕೆಲಸದಿಂದ ಜೀವಿಸುವ ಎಮ್ಮಿ ಎಂಬ ಮುದಿ ವಿಧವೆಯು ಮೊರಾಕ್ಕೋ ದೇಶದಿಂದ ದುಡಿಯಬಂದ ಅಲಿಯನ್ನು ವಿವಾಹವಾಗುತ್ತಾಳೆ. ಸುದ್ದಿ ಕೇಳಿದ ಮಗನೊಬ್ಬನು ಟೆಲಿವಿಷನ್ ಪೆಟ್ಟಿಗೆಯನ್ನು ಒದ್ದು ಒಡೆಯುತ್ತಾನೆ. ನೆರೆಯವರು ಮೂಗು ಮುರಿಯುತ್ತಾರೆ. ಕೆಲವು ಕಾಲ ಕಳೆಯಲು, ತಮ್ಮ ತಮ್ಮ ಪ್ರಯೋಜನಕ್ಕಾಗಿ ಅವರೇ ನಗುತ್ತ ಮರಳಿ ಬರುತ್ತಾರೆ. ಕಹಿ ಆಗ ಮನೆಯೊಳಗೇ ಹುಟ್ಟುತ್ತದೆ: ಎಮ್ಮಿಯು ಗೆಳತಿಯರಿಂದ ಗಂಡನ ತೋಳನ್ನು ಮುಟ್ಟಿಸಿ ಮೆರೆಯುತ್ತಾಳೆ! ಅಲಿ ಹೊರಗಿನಿಂದ ಬಂದವನು. ಒಳಗೆ ಸೇರುವುದು ಹೇಗೆಂಬುದೇ ಅಲ್ಲಿಯ ಪ್ರಶ್ನೆ.

ಯಮುನೆಯಾದರೋ ಒಳಗಿನವಳು. ವೇದಪಾಠಶಾಲೆಯನ್ನು ನಡೆಸುವ ಉಡುಪರ ಮಗಳು. ಎಳೆಯ ವಯಸ್ಸಿನ ವಿಧವೆ. ಉಪಾಧ್ಯಾಯನೊಬ್ಬನಲ್ಲಿ ಪ್ರೇಮವಿಟ್ಟು ಬಸುರಾಗುತ್ತಾಳೆ, ಬಸಿರನ್ನು ಕಳೆದುಕೊಳ್ಳುತ್ತಾಳೆ. ತಂದೆಯು ಬದುಕಿರುವ ಮಗಳಿಗೆ ಶ್ರಾದ್ಧವನ್ನು ಮಾಡುತ್ತಾರೆ. ಮಡಕೆಯೊಂದು ಒಡೆಯುವಷ್ಟರಲ್ಲಿ ಮನೆಮಗಳು ಹೊರಗಿನವಳಾದಳು. ಸಮಾಜವು ಪರಕೀಯನನ್ನು ದೂರವಿಡುವುದನ್ನು ಪಾಶ್ಚಾತ್ಯ ಚಿತ್ರಗಳಲ್ಲಿ ಬೇಕಾದಷ್ಟು ಕಂಡಿದ್ದೇವೆ. ತನ್ನವಳನ್ನೇ ಮಂತ್ರಸಹಿತವಾಗಿ ಪರಕೀಯಳನ್ನಾಗಿ ಮಾಡುವುದನ್ನು ಇಷ್ಟು ನಿಚ್ಚಳವಾಗಿ ತೋರಿಸಿದ ಚಿತ್ರ ವಿರಳ.

ಉಪಾಧ್ಯಾಯನ ಪಾತ್ರವು ಮಸುಕಾಗಿದೆ, ಪ್ರಣಯವು ಅರೆಬರೆಯಾಗಿದೆ ಎಂದು ಆಕ್ಷೇಪಿಸಬಹುದು. ನಾನು ಒಪ್ಪಲಾರೆ. ಇಲ್ಲಿ ನಾವು ನೋಡುವುದು ನಾಣಿ ಎಂಬ ಪುಟ್ಟ ವಿದ್ಯಾರ್ಥಿಯ ಕಣ್ಣಿನಿಂದ. ಮನೆಯನ್ನು ನೆನೆದು ಕೊರಗುವ ಅವನಿಗೆ ಯಮುನಕ್ಕನೇ ಆಸರೆ. ಪ್ರೇಮದ ಸುಖವು ಆ ಬಾಲಕನ ಕಣ್ಣಿಗೆ ಬೀಳದು. ಅದಕ್ಕೆ ಅವಳು ತೆತ್ತ ಬೆಲೆ ಬೀಳುತ್ತದೆ. ಅವಳು ಸಾಯಬೇಕೆಂದು ಹುತ್ತಕ್ಕೆ ಕೈಯಿಡುವಾಗ ಅವನ ದಿಗಿಲೇ ನಮ್ಮ ದಿಗಿಲು. ಎಸ್. ರಾಮಚಂದ್ರರ ಕಪ್ಪುಬಿಳುಪಿನ ಛಾಯಾಗ್ರಹಣವೂ ಮೀನಾ ಕುಟ್ಟಪ್ಪನವರ ಮಿತಭಾಷಿಯಾದ ಅಭಿನಯವೂ ಈ ದೃಷ್ಟಿಗೆ ಒಪ್ಪುತ್ತವೆ. ಮಗಳನ್ನು ತ್ಯಜಿಸಿದ ಮುದುಕ ಉಡುಪರು ತಾವೇ ಎಳೆಯ ಹುಡುಗಿಯನ್ನು ವರಿಸಹೊರಡುವ ಸಂಗತಿ ಮಾತ್ರ, ಸತ್ಯವೇ ಆದರೂ, ಕೊಂಚ ಬೆರಳಿಟ್ಟು ತೋರಿಸಿದಂತಾಯಿತು.

ಜರ್ಮನ್ ಚಿತ್ರದ ಕೊನೆಯಲ್ಲಿ ಅಲಿ ಆಸ್ಪತ್ರೆಯ ಮಂಚದ ಮೇಲಿದ್ದಾನೆ, ಎಮ್ಮಿ ಅವನ ಬಳಿಯಿದ್ದಾಳೆ. ಇಲ್ಲಿ ತಲೆ ಬೋಳಿಸಿಕೊಂಡ ಯಮುನೆ ಮರದಡಿ ಒಬ್ಬಳೇ ಕುಳಿತಿದ್ದಾಳೆ. ನಾಣಿಯನ್ನು ಅವನ ತಂದೆ ಕರೆದೊಯ್ಯುತ್ತಿದ್ದಾನೆ.

ಜೀರ್ಣೋದ್ಧಾರಗೊಂಡ ಪ್ರತಿಯು 2024ರ ವೆನಿಸ್ ಉತ್ಸವದಲ್ಲಿ ಪ್ರದರ್ಶಿತವಾಯಿತು. ಮಹಾಲಕ್ಷ್ಮಿ ಲೇಔಟಿನ ರಸಿಕರಿಗೂ ಅದನ್ನು ದೊಡ್ಡ ತೆರೆಯ ಮೇಲೆ ತೋರಿಸುವ ಏರ್ಪಾಡನ್ನು ಸಂಘದವರು ಮಾಡಬಾರದೆ?