ಇನ್ನೊಬ್ಬ ಶ್ರೀನಾಥ್

ಹಳೇಬೀಡಿನಿಂದ ಬಾಣಾವರದ ದಾರಿ ಹಿಡಿದರೆ ಅರಸೀಕೆರೆ ತಾಲ್ಲೂಕಿನ ಜಾವಗಲ್ ಸಿಗುತ್ತದೆ. ಆ ಊರ ಹೆಸರನ್ನು ಕ್ರಿಕೆಟ್ ಲೋಕಕ್ಕೆಲ್ಲ ಹೊತ್ತೊಯ್ದ ಶ್ರೀನಾಥ್ ಯಾರಿಗೆ ಗೊತ್ತಿಲ್ಲ! ಅದೇ ಕಾಲದಲ್ಲಿ ಮೈಸೂರು ಇನ್ನೊಬ್ಬ ಶ್ರೀನಾಥರನ್ನೂ ಕೊಟ್ಟಿತ್ತು: ಟೆನಿಸ್ ಆಟಗಾರ ಪ್ರಹ್ಲಾದ್ ಶ್ರೀನಾಥ್. 1973ರಲ್ಲಿ ಹುಟ್ಟಿದ ಇವರು ಪೇಸ್, ಭೂಪತಿಯರ ದಿನಗಳಲ್ಲಿ ಭಾರತದ ಪರ ಡೇವಿಸ್ ಕಪ್ ಆಡಿದರು. 1998ರ ಬ್ಯಾಂಕಾಕ್ ಏಷ್ಯನ್ ಗೇಮ್ಸ್‌ನಲ್ಲಿ ಸಿಂಗಲ್ಸ್ ಸೆಮಿಫೈನಲ್ ತಲುಪಿ ಕಂಚು ಗೆದ್ದರು. ಡಬಲ್ಸ್‌ನಲ್ಲಾದರೆ ಜೊತೆಗಾರ ನೆಟ್ ಕಾಯುತ್ತಾನೆ. ಸಿಂಗಲ್ಸ್‌ನಲ್ಲಿ ಅಂಕಣದ ಮೂಲೆಮೂಲೆಗೂ ಒಬ್ಬರೇ ಓಡಬೇಕು. ನಮ್ಮವರಿಗೆ ಕಷ್ಟವಾಗುತ್ತ ಬಂದದ್ದೂ ಈ ಸಿಂಗಲ್ಸೇ. ನನ್ನ ಲೆಕ್ಕದಲ್ಲಿ ಆ ಕಂಚಿಗೆ ತೂಕ ಹೆಚ್ಚು. ಕರ್ನಾಟಕದ ಟೆನಿಸ್ ಮಾತು ಬಂದಾಗ ಬೋಪಣ್ಣನವರ ಜೊತೆಗೆ ಪ್ರಹ್ಲಾದರ ಹೆಸರನ್ನೂ ಮಕ್ಕಳಿಗೆ ಹೇಳಿ.