ಹೋಗಿ ಬರ್ತೀನಿ ಎಂದವರ ಬಾಗಿಲು

ಹೊಸ್ತಿಲು ದಾಟುವಾಗ ಮಕ್ಕಳು ‘ಹೋಗ್ತೀನಿ’ ಎಂದರೆ ನಮ್ಮಲ್ಲಿ ಹಿರಿಯರು ಅಲ್ಲೇ ತಡೆಯುತ್ತಾರೆ: ‘ಹೋಗಿ ಬರ್ತೀನಿ ಅನ್ನು.’ ಜಪಾನಿನ ಮನೆಗಳಲ್ಲೂ ಬೆಳಿಗ್ಗೆ ಹೊರಡುವವರ ಬಾಯಲ್ಲಿ ಇದೇ ಮಾತು, ‘ಇತ್ತೆಕಿಮಾಸು’. ಪದಕ್ಕೆ ಪದ ಹೊಂದಿಸಿದರೂ ಅದು ಹೋಗಿ ಬರ್ತೀನಿಯೇ. ಮಕೊತೊ ಶಿಂಕಾಯ್ ನಿರ್ದೇಶನದ ‘ಸುಜುಮೆ’ ಅನಿಮೆಯ ಜೀವ ಇರುವುದು ಈ ಮಾತಿನಲ್ಲಿ.

2022ರ ನವೆಂಬರ್ 11ರಂದು ಜಪಾನಿನಲ್ಲಿ ತೆರೆಕಂಡ ಚಿತ್ರ ಮರುವರ್ಷ ಬರ್ಲಿನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. 2023ರ ಏಪ್ರಿಲ್ 21ಕ್ಕೆ ನಮ್ಮ ಚಿತ್ರಮಂದಿರಗಳಿಗೂ ಬಂತು. ಮೂಲ ಹೆಸರು ‘ಸುಜುಮೆ ನೊ ತೊಜಿಮಾರಿ’. ತೊಜಿಮಾರಿ ಎಂದರೆ ಬಾಗಿಲು ಭದ್ರಪಡಿಸುವುದು.

ಕ್ಯೂಶು ದ್ವೀಪದ ಮಿಯಜಾಕಿಯಲ್ಲಿ ಚಿಕ್ಕಮ್ಮನ ಜೊತೆ ಬೆಳೆಯುತ್ತಿರುವ 17ರ ಹುಡುಗಿ ಸುಜುಮೆ. ಪಾಳುಬಿದ್ದ ಜಾಗಗಳಲ್ಲಿ ತಾವಾಗಿ ತೆರೆದುಕೊಳ್ಳುವ ಬಾಗಿಲುಗಳನ್ನು ಹುಡುಕಿ ಮುಚ್ಚುವುದು ಸೋತ ಎಂಬ ತರುಣನ ಕುಲಕಸುಬು. ಮುಚ್ಚದಿದ್ದರೆ ಅಲ್ಲಿಂದ ಕೆಂಪು ಹುಳುವೊಂದು ಆಕಾಶಕ್ಕೆದ್ದು ನೆಲಕ್ಕೆ ಬೀಳುತ್ತದೆ; ಆಗ ಭೂಮಿ ನಡುಗುತ್ತದೆ. ಆ ಹುಳುವನ್ನು ಅದುಮಿ ಹಿಡಿದಿದ್ದ ಕಲ್ಲನ್ನು ಸುಜುಮೆ ಅರಿಯದೆ ಕಿತ್ತಾಗ ಕಲ್ಲು ಬೆಕ್ಕಾಗಿ ಓಡುತ್ತದೆ, ಸೋತ ಮೂರು ಕಾಲಿನ ಪುಟ್ಟ ಕುರ್ಚಿಯಾಗಿಬಿಡುತ್ತಾನೆ. ನೆಲದಡಿಯ ದೈತ್ಯ ಮೀನು ಹೊರಳಿದರೆ ಭೂಕಂಪ, ಕಶಿಮಾ ದೇಗುಲದ ಕಲ್ಲು ಅದನ್ನು ಒತ್ತಿ ಹಿಡಿದಿದೆ ಎಂಬುದು ಜಪಾನಿನ ಹಳೆಯ ನಂಬಿಕೆ. ಶಿಂಕಾಯ್ ಕಲ್ಲನ್ನು ಉಳಿಸಿಕೊಂಡು ಮೀನನ್ನು ಹುಳುವಾಗಿಸಿದ್ದಾರೆ.

ಕಟ್ಟಡ ಕಟ್ಟುವ ಮುನ್ನ ಜಪಾನಿನಲ್ಲೂ ಭೂಮಿಪೂಜೆಯುಂಟು. ಆದರೆ ಜನ ಬಿಟ್ಟುಹೋದ ಊರಿಗೆ ಉತ್ತರಕ್ರಿಯೆ ಮಾಡುವವರು ಯಾರು? ಚಿತ್ರ ಈ ಯೋಚನೆಯಿಂದ ಹುಟ್ಟಿತೆಂದು ಶಿಂಕಾಯ್ ಹೇಳಿಕೊಂಡಿದ್ದಾರೆ. ಆದ್ದರಿಂದಲೇ ಇಲ್ಲಿ ಬಾಗಿಲು ಮುಚ್ಚಲು ತೋಳ್ಬಲ ಸಾಲದು. ಕಣ್ಣುಮುಚ್ಚಿ, ಆ ಜಾಗದಲ್ಲಿ ಹಿಂದೆ ಬಾಳಿದವರ ದನಿಗಳಿಗೆ ಕಿವಿಗೊಡಬೇಕು. ಹಾಳು ಶಾಲೆಯಲ್ಲಿ ಮಕ್ಕಳ ಗದ್ದಲ, ತುಕ್ಕುಹಿಡಿದ ಮನರಂಜನಾ ಉದ್ಯಾನದಲ್ಲಿ ಅಪ್ಪ ಅಮ್ಮಂದಿರ ನಗು ಕೇಳಿಸಿದ ಮೇಲೆಯೇ ಕೀಲಿ ತಿರುಗುತ್ತದೆ. ಅನಿಮೆಯಲ್ಲಿ ಮಂತ್ರತಂತ್ರ ಬೇಕಾದಷ್ಟು ನೋಡಿದ್ದೇನೆ. ನೆನಪನ್ನೇ ಮಂತ್ರವಾಗಿಸಿದ ಇಂಥ ಕಲ್ಪನೆ ಅಪರೂಪ.

ಬೆಕ್ಕಿನ ಬೆನ್ನುಹತ್ತಿ ಹೊರಟ ಸುಜುಮೆಯ ದಾರಿಯೂ ಸುಮ್ಮನೆ ಎಳೆದ ಗೆರೆಯಲ್ಲ. ಎಹಿಮೆ ದಾಟಿ ಅವಳು ಸೇರುವ ಕೋಬೆ, 6,400ಕ್ಕೂ ಹೆಚ್ಚು ಜನರನ್ನು ಬಲಿ ತೆಗೆದುಕೊಂಡ 1995ರ ಜನವರಿ 17ರ ಕಂಪನದಲ್ಲಿ ನಲುಗಿದ ನಗರ. ಟೋಕಿಯೊದಲ್ಲಿ ನೂರು ವರ್ಷದ ಹಿಂದಿನ ಮಹಾಕಂಪನದ ಮಾತು ಬರುತ್ತದೆ; ಅದು 1923ರದ್ದು. ಕೊನೆಯ ನಿಲ್ದಾಣ ಈಶಾನ್ಯ ಕರಾವಳಿ. 2011ರ ಮಾರ್ಚ್ 11ರ ಮಧ್ಯಾಹ್ನ 2.46ಕ್ಕೆ ಅಲ್ಲಿ ಕಡಲಡಿ ನಡುಗಿತು. ಆ ಕಂಪನ ಮತ್ತು ಸುನಾಮಿಗೆ 18 ಸಾವಿರಕ್ಕೂ ಹೆಚ್ಚು ಜನ ಸತ್ತರು, ಇಲ್ಲವೇ ಕಾಣೆಯಾದರು. ಸುಜುಮೆಯ ತಾಯಿ ಅವರಲ್ಲೊಬ್ಬಳು. ಅವಳು ಮಗಳಿಗೆಂದು ಮಾಡಿಕೊಟ್ಟ ಕುರ್ಚಿಯ ನಾಲ್ಕನೇ ಕಾಲೂ ಆ ನೀರಿನ ಪಾಲಾಯಿತು. ಮೊದಲು ನಗಿಸುತ್ತಾ ಕುಂಟಿ ಓಡುವ ಕುರ್ಚಿ ಇದು ತಿಳಿದ ಮೇಲೆ ಗಂಟಲು ಕಟ್ಟಿಸುತ್ತದೆ.

ಶಿಂಕಾಯ್ ಅವರದೇ ‘ಯುವರ್ ನೇಮ್’ (2016) ಕಾಲವನ್ನು ಹಿಂದಕ್ಕೆ ತಿರುಗಿಸಿ ಊರಿನ ಜನರನ್ನು ಉಳಿಸಿತ್ತು. ಇಲ್ಲಿ ಆ ವಿನಾಯಿತಿ ಇಲ್ಲ, ಸತ್ತವರು ಮರಳುವುದಿಲ್ಲ. ನಿಜವಾದ ದುರಂತದೆದುರು ಕಥೆಗಾರ ತೋರಬೇಕಾದ ಮರ್ಯಾದೆ ಇದೇ. ಸುಜುಮೆ ಮತ್ತು ಸೋತನ ಒಲವು ಅವಸರದಲ್ಲಿ ಬೆಳೆದಂತೆ ಕಾಣುತ್ತದೆ, ಆ ಕೊರತೆ ಉಂಟು. ಆದರೂ ಕೊನೆಯ ಬಾಗಿಲಿನ ಮುಂದೆ, ಆ ಮಾರ್ಚ್ ಬೆಳಿಗ್ಗೆ ಮನೆಮನೆಯಿಂದ ಹೊರಟವರ ‘ಇತ್ತೆಕಿಮಾಸು’ ಒಂದರ ಮೇಲೊಂದು ಕೇಳುವಾಗ ಆ ಕೊರತೆ ನೆನಪಿಗೂ ಬರುವುದಿಲ್ಲ.

ಈ ಚಿತ್ರವನ್ನು ಜಪಾನಿ ದನಿಯಲ್ಲೇ ನೋಡಿ. ಆ ಒಂದು ಪದಕ್ಕೆ ಕನ್ನಡಿಗರಿಗೆ ಅಡಿಬರಹ ಬೇಕಿಲ್ಲ.