‘ಟಿಟಿಕಟ್ ಫಾಲೀಸ್’ ಚಿತ್ರದಲ್ಲಿ ಕರುಣರಸವಿಚಾರ

ಕಾವ್ಯದಲ್ಲಿ ಶೋಕವು ಆಸ್ವಾದ್ಯವಾಗುವುದು ಸಾಧಾರಣೀಕರಣದಿಂದ ಎಂದು ಭಟ್ಟನಾಯಕನು ಹೇಳಿದನು. ಅಭಿನವಗುಪ್ತನು ಅದನ್ನು ಪರಿಷ್ಕರಿಸಿದನು. ರಂಗದಲ್ಲಿ ಅಳುವ ಸೀತೆಯು ಇಂಥವಳ ಮಗಳು, ಇಂಥವನ ಮಡದಿ ಎಂಬ ವಿಶೇಷವನ್ನು ನೀಗಿಕೊಂಡೇ ಸಹೃದಯನ ಹೃದಯವನ್ನು ಹೊಗುತ್ತಾಳೆ. ಅಳುವವನು ನಟನಲ್ಲದೆ, ಬೀಗ ಹಾಕಿದ ಕೋಣೆಯಲ್ಲಿ ನಿಜವಾಗಿಯೇ ಇರುವ ರೋಗಿಯಾದರೆ ಗತಿಯೇನು? ಫ್ರೆಡರಿಕ್ ವೈಸ್‌ಮನ್ನನ 1967ರ ಸಾಕ್ಷ್ಯಚಿತ್ರವು ಲಾಕ್ಷಣಿಕರ ಮುಂದಿಡುವ ಪ್ರಶ್ನೆ ಇದೇ.

ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಬ್ರಿಡ್ಜ್‌ವಾಟರಿನಲ್ಲಿ, ಅಪರಾಧದ ಸಂಬಂಧದಿಂದ ಬಂದ ಮನೋರೋಗಿಗಳನ್ನು ಇರಿಸುತ್ತಿದ್ದ ಆಸ್ಪತ್ರೆಯಲ್ಲಿ 1966ರಲ್ಲಿ ಇದನ್ನು ಚಿತ್ರೀಕರಿಸಲಾಯಿತು. 84 ನಿಮಿಷಗಳ ಈ ಕಪ್ಪುಬಿಳುಪಿನ ಕೃತಿಯಲ್ಲಿ ವಿವರಣೆಯ ಮಾತು ಒಂದೂ ಇಲ್ಲ. ಆಸ್ಪತ್ರೆಯೊಳಗಿನ ಹಾಡುಕುಣಿತದ ಪ್ರದರ್ಶನದಿಂದ ಅದು ಮೊದಲಾಗುತ್ತದೆ. ಹೆಸರೂ ಆ ಪ್ರದರ್ಶನದ್ದೇ. ಹಾಡುವವರಲ್ಲಿ ರೋಗಿ ಯಾರು, ಕಾವಲಿನವನು ಯಾರು ಎಂದು ತಟ್ಟನೆ ತಿಳಿಯದು. ಇದು ಉತ್ತಮ ಧ್ವನಿ.

ತರುಣ ರೋಗಿಯೊಬ್ಬನು ವೈದ್ಯರ ಮುಂದೆ ನಿಂತು, ಈ ಸ್ಥಳವೇ ತನ್ನನ್ನು ಕೆಡಿಸುತ್ತಿದೆಯೆಂದು ವಾದಿಸುತ್ತಾನೆ. ಅವನನ್ನು ಹೊರಗೆ ಕಳುಹಿಸಿದ ಮೇಲೆ, ಆ ವಾದವೇ ರೋಗಲಕ್ಷಣವೆಂದಾಗಿ, ಮದ್ದಿನ ಪ್ರಮಾಣವನ್ನು ಹೆಚ್ಚಿಸಲು ವೈದ್ಯರು ನಿಶ್ಚಯಿಸುತ್ತಾರೆ. (ನಮ್ಮ ತರ್ಕಶಾಲೆಗಳಲ್ಲಿಯೂ ಇಂಥ ನಿಗ್ರಹಸ್ಥಾನವನ್ನು ಯಾರೂ ಕಲ್ಪಿಸಲಿಲ್ಲ!) ಇಲ್ಲಿ ವಿಶೇಷವು ಕರಗುವುದಿಲ್ಲ, ಆ ಮನುಷ್ಯನು ಅವನೇ ಆಗಿ ಉಳಿಯುತ್ತಾನೆ. ಆದಕಾರಣ ಪ್ರೇಕ್ಷಕನಿಗೆ ಉಂಟಾಗುವುದು ರಸಾನಂದವಲ್ಲ, ಲಜ್ಜೆ. ಚಿತ್ರದ ಸತ್ತ್ವವೆಲ್ಲ ಇದರಲ್ಲಿದೆ.

ಒಂದೆಡೆ ಮಾತ್ರ ವೈಸ್‌ಮನ್ ಎಡವಿದ್ದಾನೆ. ಉಣ್ಣಲೊಲ್ಲದ ರೋಗಿಗೆ ಮೂಗಿನ ನಳಿಗೆಯಿಂದ ಬಲಾತ್ಕಾರವಾಗಿ ಆಹಾರವೂಡುವಾಗ, ವೈದ್ಯನ ಸಿಗರೇಟಿನ ಬೂದಿ ಲಾಳಿಕೆಯ ಮೇಲೆ ತೂಗುತ್ತಿರುತ್ತದೆ. ಅಷ್ಟೇ ಸಾಕಾಗಿತ್ತು. ಆದರೆ ನಡುನಡುವೆ ಅದೇ ರೋಗಿಯ ಶವಕ್ಕೆ ಕ್ಷೌರ ಮಾಡುವ ದೃಶ್ಯವನ್ನು ಸೇರಿಸಿ, ವ್ಯಂಗ್ಯವಾಗಿದ್ದುದನ್ನು ವಾಚ್ಯಮಾಡಿದ್ದಾನೆ. ಆ ಕ್ಷಣದಲ್ಲಿ ಮನುಷ್ಯನು ದೃಷ್ಟಾಂತವಾಗಿಬಿಡುತ್ತಾನೆ.

1968ರಲ್ಲಿ ಆ ರಾಜ್ಯದ ನ್ಯಾಯಾಲಯವು ಚಿತ್ರವನ್ನು ನಾಶಮಾಡಬೇಕೆಂದು ತೀರ್ಪಿತ್ತಿತು. 1969ರಲ್ಲಿ ಮೇಲಿನ ನ್ಯಾಯಾಲಯವು ವೈದ್ಯರು, ವಕೀಲರು, ನ್ಯಾಯಾಧೀಶರು, ಸಮಾಜಸೇವಕರು, ಆ ಶಾಸ್ತ್ರಗಳ ವಿದ್ಯಾರ್ಥಿಗಳು ಮೊದಲಾದವರಿಗೆ ಮಾತ್ರ ನೋಡಲು ಅನುಮತಿಯಿತ್ತಿತು. ಅಧಿಕಾರಿಭೇದವು ವೇದಾಂತಕ್ಕೆ ಹೊಸದಲ್ಲ. ಆದರೆ ಸಹೃದಯನಿಗೆ ಪದವೀಪತ್ರವನ್ನು ಕೇಳಿದ ಆಲಂಕಾರಿಕನಿಲ್ಲ. ರೋಗಿಗಳ ಮಾನರಕ್ಷಣೆಯೆಂಬ ಕಾರಣವು ಸುಳ್ಳಲ್ಲ: ಬತ್ತಲೆಯಾಗಿ ಕಾಣುವವರಲ್ಲಿ ಒಪ್ಪಿಗೆ ಕೊಡುವ ಶಕ್ತಿ ಎಷ್ಟು ಮಂದಿಗಿತ್ತು? ಆದರೂ ಅವರನ್ನು ಹಾಗೆ ಇರಿಸಿದವರು ಚಿತ್ರಕಾರರಲ್ಲ. 1991ರಲ್ಲಿ ನಿಷೇಧವು ತೆರವಾಯಿತು. ಅಷ್ಟರಲ್ಲಿ ಚಿತ್ರದಲ್ಲಿದ್ದ ರೋಗಿಗಳಲ್ಲಿ ಅನೇಕರು ತೀರಿಕೊಂಡಿದ್ದರು. ನ್ಯಾಯಾಧೀಶನು ಕೊಟ್ಟ ಕಾರಣಗಳಲ್ಲಿ ಅದೂ ಒಂದು.